ಗೊಡ್ಡು ಅರ್ಜಿ

"ಇಳಸಲೇ ಕೆಳಗ! ಹೆಣ ಇಳಸು ಅಂದೆ, ಕಿವಿ ಕೇಳಂಗಿಲ್ಲೇನಲೇ ಬೋಳಿಮಗನ?"

ಬಾಪುಗೌಡ ಬದುವಿನ ಮೇಲೆ ನಿಂತು ಕೂಗಿದಾಗ ಅಪ್ಪನ ಸಿದಿಗೆ ನಮ್ಮ ಹೆಗಲ ಮೇಲಿತ್ತು. ಮುಂದಿನ ಎಡಗಡೆಯ ತುದಿ ನನ್ನದು. ಮಳೆ ಆಗಷ್ಟೇ ನಿಂತಿತ್ತು. ಕರಿಮಣ್ಣು ಕಾಲಿಗೆ ಮೆತ್ತಿಕೊಂಡು ಒಂದೊಂದು ಹೆಜ್ಜೆಗೂ ತೂಕ ಏರುತ್ತಿತ್ತು. ಗೌಡನ ಹಿಂದೆ ಅವನ ಇಬ್ಬರು ಆಳುಗಳು ಕೊಡಲಿ ಹಿಡಿದು ನಿಂತಿದ್ದರು. ಅವರಲ್ಲೊಬ್ಬ ನಮ್ಮ ಕೇರಿಯವನೇ. ಅವನು ನೆಲ ನೋಡುತ್ತಿದ್ದ.

"ಗೌಡ್ರ, ದಾರಿ ಇದರೀ. ನಮ್ಮಜ್ಜ, ಮುತ್ತಜ್ಜ ಎಲ್ಲಾರೂ ಇದ ದಾರೀಲೆ ಹೋಗ್ಯಾರ," ಎಂದೆ.

"ನಿಮ್ಮ ಮುತ್ತಜ್ಜ ಹೋದಾಗ ಇಲ್ಲಿ ಜ್ವಾಳ ಇತ್ತಲೇ. ಈಗ ಮೆಣಸಿನಗಿಡ ಹಚ್ಚೀನಿ, ಕೆಳಗ ನೀರಿನ ಪೈಪ್ ಹಾಸೀನಿ. ನಿಮ್ಮಪ್ಪನ ಹೆಣದ ಮೈಲಿಗಿ ಗಿಡಕ್ಕ ಬಡದ ಮ್ಯಾಲ ನನ್ನ ಕಾಯಿ ಯಾವನ್ ಕೊಳ್ತಾನ? ನಿಮ್ಮವ್ವ ಕೊಳ್ತಾಳೇನು?"

ಹೆಂಗಸರ ಗುಂಪಿನಿಂದ ಅವ್ವ ಮುಂದೆ ಬಂದಳು. ಗಾಳೆವ್ವ ಎಂದರೆ ಕೇರಿಯಲ್ಲಿ ಯಾರೂ ಎದುರು ಮಾತಾಡುತ್ತಿರಲಿಲ್ಲ. ಆದರೆ ಗೌಡನ ಮುಂದೆ ಅವಳ ದನಿಯೂ ತಗ್ಗುತ್ತಿತ್ತು.

"ಎಪ್ಪಾ, ಈ ಸಸಿ ಹಚ್ಚಿದಾಕಿ ನಾನ. ಸತ್ತಾಂವ ಮೊನ್ನಿತನಕ ಇವಕ್ಕ ಗೊಬ್ಬರ ಹಾಕ್ಯಾನ. ಅವನ ಕೈಯಿಂದ ಆಗದ ಮೈಲಿಗಿ, ಅವನ ಹೆಣದಿಂದ ಹ್ಯಾಂಗ ಆಕ್ಕೈತಿ?"

"ಜೀವ ಇರೂತನಾ ಅಡ್ಡಾಡ್ರಿ, ನಾ ಏನ್ ಬ್ಯಾಡ ಅಂದೀನೇನು? ಬರ್ರಿ, ದುಡೀರಿ, ಹೋಗ್ರಿ. ಹೆಣ ಮಾತ್ರ ಹಾಯಿಸಬ್ಯಾಡ್ರಿ. ಹಾಯಿಸಿದ್ರ ಇನ್ನೊಂದು ಹೆಣ ಇಲ್ಲೇ ಬೀಳತೈತಿ."

ಆಳುಗಳು ಕೊಡಲಿ ಹೆಗಲಿಗೇರಿಸಿಕೊಂಡರು. ನಾವು ಸಿದಿಗೆಯನ್ನು ತಿರುಗಿಸಿದೆವು. ಹೆಣವನ್ನು ಅರ್ಧ ದಾರಿಯಿಂದ ಮನೆಗೆ ಮರಳಿ ತರುವುದನ್ನು ನಮ್ಮ ಕೇರಿ ಅದೇ ಮೊದಲು ಕಂಡಿತು. ಅವ್ವ ದಾರಿಯುದ್ದಕ್ಕೂ ಅಳಲಿಲ್ಲ.

ಮುಳ್ಳಗೊಪ್ಪದಲ್ಲಿ ನಮ್ಮವರಿಗೆ ಮಣ್ಣು ಕೊಡುವ ಜಾಗ ಹಳ್ಳದ ದಂಡೆಯ ಮೇಲಿದೆ. ಸರಕಾರದ ನಕ್ಷೆಯಲ್ಲಿಯೂ ಅದು ನಮ್ಮದೇ. ಮುಂದುಗಡೆ ಪೂರ್ತಿ ಬಾಪುಗೌಡನ ಹೊಲ. ಉಳಿದ ಮೂರೂ ಕಡೆ ಹಳ್ಳ ಬಳಸಿಕೊಂಡು ಹೋಗುತ್ತದೆ. ಗೌಡನ ಟ್ರ್ಯಾಕ್ಟರುಗಳು ಮರಳು ಬಗೆದು ಬಗೆದು ಹಳ್ಳವೆಂದರೆ ಈಗ ಬರೀ ಆಳದ ಗುಂಡಿಗಳು, ಕಡಿದಾದ ದಂಡೆ. ಜಾಲಿಯ ಬೇರು ಹಿಡಿದು ಒಬ್ಬ ಮನುಷ್ಯ ಹೇಗೋ ಇಳಿದು ಹತ್ತಬಹುದು. ನಾಲ್ಕು ಜನ ಹೆಣ ಹೊತ್ತು ಹತ್ತಲಾಗದು. ಆಚೆ ದಂಡೆಯಲ್ಲಿ ಗೌಡನ ಬೀಗರ ತೋಟ. ಹೊಲದ ನಡುವೆ ಮೊದಲು ಒಂದು ಬಂಡಿಯಗಲದ ದಾರಿ ಇತ್ತು. ಆ ವರ್ಷ ಬೇಸಿಗೆಯಲ್ಲಿ ಗೌಡ ಅದನ್ನು ಹರಗಿ ಹೊಲಕ್ಕೆ ಸೇರಿಸಿಕೊಂಡಿದ್ದ. ಹರಗಿದ ಎತ್ತುಗಳ ಹಿಂದೆ ಅಪ್ಪನೇ ಹೋಗಿದ್ದ. ಕೂಲಿಯ ಕೆಲಸ, ಇಲ್ಲ ಎನ್ನುವಂತಿರಲಿಲ್ಲ.

ತಹಶೀಲ್ದಾರರ ಆಫೀಸಿಗೆ ಹೋದೆ. ಸಾಹೇಬರು ಊಟಕ್ಕೆ ಹೊರಟಿದ್ದರು. ಬಾಗಿಲಲ್ಲೇ ನಿಂತು ಕೇಳಿದರು.

"ದಾರಿ ಅಂತ ಪಹಣಿಯೊಳಗ ಐತೇನು?"

"ನಕ್ಷಾದಾಗ ಐತ್ರೀ ಸಾಹೇಬ್ರ."

"ನಕ್ಷಾ ಬ್ಯಾರೆ, ಪಹಣಿ ಬ್ಯಾರೆ. ಕೋರ್ಟಿನಿಂದ ಆರ್ಡರ್ ತಗೊಂಡು ಬಾ. ನಾನ ಮುಂದ ನಿಂತು ಮಣ್ಣ ಮಾಡಸ್ತೀನಿ."

ಪಟ್ಟಣದ ಜುಬೇದಾ ವಕೀಲರು ಒಮ್ಮೆ ನಮ್ಮ ಕೇರಿಗೆ ಬಂದು ಕಾನೂನಿನ ಬಗ್ಗೆ ಮಾತಾಡಿ ಹೋಗಿದ್ದರು. ಅವರಿಗೆ ಫೋನ್ ಹಚ್ಚಿದೆ. ಮಾತು ಮುಗಿಯುವ ಮೊದಲೇ ಅವರು, "ಹೆಣ ಕೆಡಬಾರದು. ನಾ ಐಸ್ ಪೆಟಗಿ ಕಳಸ್ತೀನಿ. ಇವತ್ತ ಹೈಕೋರ್ಟಿಗೆ ಅರ್ಜಿ ಹಾಕೂನು. ನಿನ್ನ ಹೆಸರು ಪೂರಾ ಹೇಳು," ಎಂದರು.

"ಮುದಕಪ್ಪರೀ. ತಂದಿ ದ್ಯಾಮಪ್ಪ."

ಪೆಟ್ಟಿಗೆ ಬಂತು. ಕೇರಿಯಲ್ಲಿ ಕರೆಂಟು ಹೋಗುತ್ತಿತ್ತು, ಬರುತ್ತಿತ್ತು. ಹೋದಾಗಲೆಲ್ಲ ಗಾಜಿನ ಒಳಗೆ ಹನಿ ಕಟ್ಟಿ ಅಪ್ಪನ ಮುಖ ಕಾಣದಾಗುತ್ತಿತ್ತು. ಅವ್ವ ಸೆರಗಿನಿಂದ ಹೊರಗಿನಿಂದಲೇ ಒರೆಸುತ್ತಿದ್ದಳು. ಹನಿ ಒಳಗಿದೆ ಎಂದು ನಾನು ಹೇಳಲಿಲ್ಲ. ಜುಬೇದಾ ಮೇಡಂ ದಿನವೂ ಫೋನ್ ಮಾಡುತ್ತಿದ್ದರು. ಇವತ್ತು ನಮ್ಮ ನಂಬರು ಬರಲಿಲ್ಲ. ಇವತ್ತು ಜಡ್ಜು ರಜೆ. ನಾಳೆ ಖಂಡಿತ. ಅಷ್ಟರಲ್ಲಿ ವಾಸನೆ ಶುರುವಾಗಿ ಪಕ್ಕದ ಮನೆಯ ಬಾಣಂತಿ ಕೂಸನ್ನೆತ್ತಿಕೊಂಡು ತವರಿಗೆ ಹೋದಳು.

ಆ ನಾಳೆ ಬೆಳಗಾಗುತ್ತಲೇ ಪೊಲೀಸರ ಗಾಡಿ ಬಂತು. ಹಿಂದೆ ತಹಶೀಲ್ದಾರರು, ಊರಿನ ಜಮೀನಿನ ಲೆಕ್ಕ ಬರೆಯುವ ತಲಾಟಿ, ಅವರ ಹಿಂದೆ ಮಣ್ಣು ತೋಡುವ ಜೆಸಿಬಿ.

"ಊರಿಗೆ ರೋಗ ಹಚ್ಚೂ ವಿಚಾರ ಐತೇನಲೇ?" ಎಂದ ಫೌಜದಾರ, ಮೂಗಿಗೆ ಕರವಸ್ತ್ರ ಹಿಡಿದು. "ಆರೋಗ್ಯ ಇಲಾಖೆದವರು ದೂರು ಕೊಟ್ಟಾರ. ಎತ್ರಿ."

"ಸಾಹೇಬ್ರ, ಇವತ್ತ ಕೋರ್ಟಿನಾಗ ನಂಬರ್ ಐತ್ರೀ. ಮಧ್ಯಾಹ್ನತನಕ ತಡೀರಿ. ನೀವ ಅಂದಿದ್ರೆಲ್ಲಾ, ಆರ್ಡರ್ ತಾ ಅಂತ," ಎಂದು ತಹಶೀಲ್ದಾರರ ಕಾಲಿಗೆ ಬಿದ್ದೆ.

ಅವರು ಕಾಲು ಹಿಂದಕ್ಕೆ ಎಳೆದುಕೊಂಡರು. "ನಾ ಅಂದಾಗ ಹೆಣ ನಾರತಿರಲಿಲ್ಲ."

ಅಪ್ಪನನ್ನು ಡಾಂಬರು ರಸ್ತೆಯ ಪಕ್ಕ, ಪಂಚಾಯ್ತಿಯವರು ಕಸ ಸುರಿಯುವ ತಗ್ಗಿನ ಬಾಜೂಕ್ಕೆ ಒಯ್ದರು. ಜೆಸಿಬಿ ಮೂರು ಸಲ ಬಾಯಿ ಹಾಕಿತು, ಕುಣಿ ಆಯಿತು. ಮಣ್ಣಿನ ಜೊತೆ ಪ್ಲಾಸ್ಟಿಕ್ ಚೀಲಗಳು, ಒಡೆದ ಬಾಟಲಿ, ಯಾರದೋ ಹರಿದ ಚಪ್ಪಲಿ ಎದ್ದು ಬಂದವು.

ತಲಾಟಿ ನನ್ನ ಭುಜ ತಟ್ಟಿದ. "ಅಳಬ್ಯಾಡ್ಲೇ. ನಿಮ್ಮ ಮಂದ್ಯಾಗ ಯಾರಿಗೆ ಸಿಕ್ಕೈತಿ ಈ ಮರ್ಯಾದಿ? ಸರಕಾರದ ಖರ್ಚಿನಾಗ, ಜೆಸಿಬಿಲೆ! ಹಿಡಿ ಮಣ್ಣ ಹಾಕು, ಮಗಾ ಅಲ್ಲೇನು ನೀನು."

ಹಾಕಿದೆ. ಅವನು ಮೊಬೈಲಿನಲ್ಲಿ ಫೋಟೋ ಹೊಡೆದುಕೊಂಡ. ಅವ್ವನೂ ಬೊಗಸೆಯಲ್ಲಿ ಮಣ್ಣು ತುಂಬಿಕೊಂಡು ಮುಂದೆ ಬಂದಳು. ಅಷ್ಟರಲ್ಲಿ ಡ್ರೈವರ್ ಹಿಡಿಕೆ ಒತ್ತಿದ. ಜೆಸಿಬಿ ಗುಡ್ಡೆಯನ್ನೆಲ್ಲ ಒಮ್ಮೆಲೇ ದಬ್ಬಿತು. ಅವ್ವನ ಬೊಗಸೆಯ ಮಣ್ಣು ಬೊಗಸೆಯಲ್ಲೇ ಉಳಿಯಿತು. ಅದನ್ನು ಎಲ್ಲಿ ಹಾಕಬೇಕೆಂದು ತಿಳಿಯದೆ ಸೆರಗಿನಲ್ಲಿ ಕಟ್ಟಿಕೊಂಡಳು.

ಹೈಕೋರ್ಟಿನಲ್ಲಿ ಅವತ್ತೂ ಬಾರದ ನಮ್ಮ ನಂಬರು ಮುಂದಿನ ವಾರ ಬಂತು. ನಾನೂ ಅವ್ವನೂ ಹಿಂದಿನ ಗೋಡೆಗೆ ಒತ್ತಿಕೊಂಡು ನಿಂತಿದ್ದೆವು. ಕೂಗಿದ್ದು ಯಾರೋ, ಎದ್ದದ್ದು ಯಾರೋ. ಎಲ್ಲ ಇಂಗ್ಲಿಷಿನಲ್ಲಿ. ಸರಕಾರದ ವಕೀಲ ಒಂದು ಫೋಟೋ ಮೇಲೆ ಕೊಟ್ಟ. ಅದರಲ್ಲಿ ನನ್ನ ಕೈಯಲ್ಲಿ ಮಣ್ಣಿತ್ತು. ಜುಬೇದಾ ಮೇಡಂ ಕೈ ಆಡಿಸಿ ಏನೋ ಗಟ್ಟಿಯಾಗಿ ಹೇಳಿದರು, ಜಡ್ಜು ತಲೆಯಾಡಿಸಿದರು. ಒಂದು ಬೀಡಿ ಸೇದಿ ಮುಗಿಸುವಷ್ಟು ಹೊತ್ತೂ ಆಗಿರಲಿಲ್ಲ, ಮೇಡಂ ಬಗ್ಗಿ ನಮಸ್ಕಾರ ಮಾಡಿ ಹೊರಗೆ ಬಂದರು.

"ಏನಾತ್ರೀ ಯವ್ವಾ?" ಅವ್ವ ಕೇಳಿದಳು.

ಮೇಡಂ ಕರಿಕೋಟು ಬಿಚ್ಚಿ ತೋಳಿಗೆ ಹಾಕಿಕೊಂಡರು. "ಮುಗಿಸಿಬಿಟ್ರು. ಇನ್‌ಫ್ರಕ್ಚುಅಸ್ ಅಂತ."

"ಹಂಗಂದ್ರ?"

"ಅಂದ್ರ... ಫಲ ಇಲ್ಲದ್ದು. ಅಪ್ಪನ್ನ ಮಣ್ಣ ಮಾಡಾಕ ದಾರಿ ಕೊಡ್ರಿ ಅಂತ ಅಲ್ಲೇನು ನಾವು ಕೇಳಿದ್ದು? ಮಣ್ಣಾಗಿ ಹೋತು. ಮಗಾನ ಕೈಲೆ ಮಣ್ಣ ಹಾಕ್ಯಾನ ಅಂತ ಫೋಟೋ ತೋರಿಸಿದ್ರು. ಇನ್ನ ಈ ಅರ್ಜಿಯಿಂದ ಏನೂ ಪ್ರಯೋಜನ ಇಲ್ಲ ಅಂತ ಮುಚ್ಚಿದ್ರು."

"ಗೊಡ್ಡ ಬಿತ್ತು ಅನ್ನು."

ಮೇಡಂ ಅವ್ವನ ಮುಖ ನೋಡಿದರು. "ಹೂಂ. ಗೊಡ್ಡ."

"ದಾರಿ?"

"ದಾರೀದು ಕೇಳಿದೆನವ್ವಾ. ಅದಕ್ಕ ಬ್ಯಾರೆ ಕಡೆ ಹೋಗ್ರಿ, ತಹಶೀಲ್ದಾರ್ ಅದಾರ, ಸಿವಿಲ್ ಕೋರ್ಟ್ ಐತಿ ಅಂದ್ರು. ಮುಂದ ಮತ್ತ ಇಂಥಾ ಪ್ರಸಂಗ ಬಂದ್ರ ಆವಾಗ ಬರಬಹುದು ಅಂತ ಬರದಾರ."

ಅವ್ವ ಕೋರ್ಟಿನ ಮೆಟ್ಟಿಲ ಮೇಲೆ ಕುಳಿತು ಎಲೆ ಅಡಿಕೆ ಬಾಯಿಗೆ ಹಾಕಿಕೊಂಡಳು.

"ಮುಂದಿನ ಪ್ರಸಂಗ ಅಂದ್ರ ನಾನಲ್ಲೇನಲೇ ಮುದಕ್ಯಾ," ಎಂದಳು.

ಊರಿಗೆ ಮರಳಿದ ಮೇಲೆ ತಹಶೀಲ್ದಾರರ ಬಳಿ ಹೋದೆ. ಹೈಕೋರ್ಟೇ ಮುಚ್ಚಿದ್ದನ್ನು ನಾನು ತೆರೆಯಲೇ ಎಂದರು. ಗೌಡನಿಗೆ ಸುದ್ದಿ ನಮಗಿಂತ ಮೊದಲೇ ಮುಟ್ಟಿತ್ತು. ಹೋಟೆಲಿನ ಮುಂದೆ ಚಾ ಕುಡಿಯುತ್ತ ಕುಳಿತವನು ನನ್ನನ್ನು ಕೂಗಿ ಕರೆದ.

"ಬಾರಲೇ ಹೈಕೋರ್ಟ್ ಸಾವ್ಕಾರ! ಏನಂದ್ರು ಜಡ್ಜ್ ಸಾಹೇಬ್ರು? ಹೆಣಕ್ಕ ಟಾರ್ ರೋಡ್ ಮಾಡಿ ಕೊಡ್ತಾರಂತ?"

ಕುಳಿತವರೆಲ್ಲ ನಕ್ಕರು. ಹೋಟೆಲಿನವನು ನಗುತ್ತಲೇ ಎಂಜಲು ಗ್ಲಾಸುಗಳ ನೀರನ್ನು ನನ್ನ ಕಾಲ ಹತ್ತಿರ ಚೆಲ್ಲಿದ.

"ಹೋಗಲಿ ಬಿಡು, ನಂಗೇನ್ ಸಿಟ್ಟಿಲ್ಲ," ಎಂದ ಗೌಡ. "ನಾಳಿಂದ ಕಳೆ ತಗಸಬೇಕು. ಹೆಣ್ಮಕ್ಕಳ್ನ ಕಳಸು. ನಿಮ್ಮವ್ವಗೂ ಹೇಳು, ಮುದುಕಿ ಕೈ ಚೊಕ್ಕ ಐತಿ."

ಕಳಿಸದಿದ್ದರೆ ಬೇರೆ ಕೆಲಸ ಎಲ್ಲಿತ್ತು? ನನ್ನ ಹೆಂಡತಿ ಸೋಮವ್ವ ಹೋದಳು, ಅವ್ವನೂ ಹೋದಳು. ದಿನವೂ ಅದೇ ಹೊಲದಲ್ಲಿ, ಮುಚ್ಚಿಹೋದ ದಾರಿಯ ಮೇಲೆ ಕುಕ್ಕರಗಾಲಲ್ಲಿ ಕುಳಿತು ಕಳೆ ತೆಗೆದರು. ಕಡೆಯ ಸಾಲಿಗೆ ಬಂದಾಗ ಹತ್ತು ಮಾರು ಆಚೆ ನಮ್ಮ ಗೋರಿಗಳು ಕಾಣುತ್ತಿದ್ದವಂತೆ. ಅಲ್ಲಿ ಅವ್ವನ ಅತ್ತೆ ಇದ್ದಳು, ಹುಟ್ಟುತ್ತಲೇ ಸತ್ತ ಅವಳ ಎರಡು ಕೂಸುಗಳಿದ್ದವು.

ದಸರೆಗೆ ಮುಂಚೆ ಅವ್ವ ಒಬ್ಬಳೇ ಬಸ್ಸು ಹತ್ತಿ ಜುಬೇದಾ ಮೇಡಂ ಮನೆಗೆ ಹೋದಳು. ಇದನ್ನು ಮೇಡಂ ಆಮೇಲೆ ನನಗೆ ಹೇಳಿದ್ದು.

"ನನ್ನ ಹೆಸರಿಲೆ ಒಂದು ಅರ್ಜಿ ಹಾಕ್ರಿ ಯವ್ವಾ," ಎಂದಳಂತೆ.

"ಯಾತಕ್ಕ?"

"ನನ್ನ ಮಣ್ಣಿಗೆ. ಸತ್ತ ಮ್ಯಾಲ ಹಾಕಿದ್ರ ತಡ ಆಕ್ಕೈತಿ. ನನ್ನ ಹೆಣ ನಿಮ್ಮ ಕೋರ್ಟಿನ ಸಲುವಾಗಿ ಕಾಯಂಗಿಲ್ಲ. ಈಗ ಗಟ್ಟಿ ಅದೀನಿ. ಎಷ್ಟ ದಿನಾ ಬೇಕಾದ್ರೂ ಕಾಯ್ತೀನಿ. ಹಾಕ್ರಿ."

ಮೇಡಂ ನಕ್ಕರಂತೆ. ನಕ್ಕವರು ಆಮೇಲೆ ಒಳಗೆ ಹೋಗಿ ಬರೆಯಲು ಕುಳಿತರಂತೆ.

ಈ ಸಲದ ಜಡ್ಜು ಬೇರೆಯವರು, ಇನ್ನೂ ಚಿಕ್ಕ ವಯಸ್ಸು. ಮೇಡಂ ಮಾತಾಡುತ್ತಿದ್ದಂತೆ ಅವರು ಕಾಗದದಿಂದ ತಲೆಯೆತ್ತಿ ಏನೋ ಕೇಳಿದರು. ಮೇಡಂ ತಿರುಗಿ ಅವ್ವನ ಕಡೆ ಕೈ ತೋರಿದರು. ಮುಂದಿನ ಸಾಲಿನ ಕರಿಕೋಟುಗಳೆಲ್ಲ ಒಟ್ಟಿಗೆ ತಿರುಗಿ ನೋಡಿ ನಕ್ಕವು. ಸತ್ತವರು ಯಾರು ಎಂದು ಜಡ್ಜು ಕೇಳಿದ್ದರಂತೆ. ಯಾರೂ ಸತ್ತಿಲ್ಲ, ಅರ್ಜಿದಾರಳು ಇಲ್ಲೇ ನಿಂತಿದ್ದಾಳೆ ಎಂದು ಮೇಡಂ ಹೇಳಿದ್ದರಂತೆ.

ಜಡ್ಜು ನಗಲಿಲ್ಲ. ಕನ್ನಡದಲ್ಲಿಯೇ, ಮೆತ್ತಗೆ ಮಾತಾಡಿದರು.

"ಅಜ್ಜಿ, ನಿಮಗೇನೂ ಆಗಿಲ್ಲವಲ್ಲ. ಆರಾಮವಾಗಿದ್ದೀರಿ. ನೂರು ವರ್ಷ ಬಾಳಿ. ಆಗದೇ ಇರುವುದಕ್ಕೆ ಕೋರ್ಟು ಈಗಲೇ ಹೇಗೆ ಆದೇಶ ಕೊಡುತ್ತದೆ, ಹೇಳಿ? ಇದು ಬಹಳ ಬೇಗ ಆಯಿತು."

ಅವ್ವ ನನ್ನ ಕೈ ಬಿಡಿಸಿಕೊಂಡು ಎರಡು ಹೆಜ್ಜೆ ಮುಂದೆ ಹೋದಳು.

"ಎಪ್ಪಾ, ನನ್ನ ಗಂಡ ಸತ್ತಾಗ ತಡ ಆತು ಅಂದ್ರಿ. ನಾ ಬದುಕಿದ್ರ ಲಗೂ ಆತು ಅಂತೀರಿ. ಯಾ ಹೊತ್ತಿಗೆ ಸಾಯಬೇಕು ನೀವ ಹೇಳಿಬಿಡ್ರಿ, ಆ ಹೊತ್ತಿಗೆ ಸಾಯ್ತೀನಿ."

ಕೆಂಪು ಪಟ್ಟಿಯ ಪೇದೆ "ಶ್! ಶ್!" ಎನ್ನುತ್ತ ಓಡಿಬಂದು ಅವಳ ರಟ್ಟೆ ಹಿಡಿದ. ಜಡ್ಜು ಕಾಗದದ ಮೇಲೆ ಕಣ್ಣಿಟ್ಟು ಏನೋ ಬರೆಸುತ್ತಿದ್ದರು. ಮುಂದಿನ ನಂಬರು ಕೂಗಿದರು.

ಆ ಸಲ ಅವ್ವ ಮೆಟ್ಟಿಲ ಮೇಲೆ ಕೂಡಲಿಲ್ಲ. ಬಸ್‌ಸ್ಟ್ಯಾಂಡಿನವರೆಗೂ ನನಗಿಂತ ಮುಂದೆ ನಡೆದಳು.

ಸಂಕ್ರಾಂತಿ ಕಳೆದು ಕಾಯಿ ಕೆಂಪಾದವು. ಮೊದಲ ಬಿಡಿಸುವಿಕೆಯ ದಿನ ಗೌಡನೇ ಕೇರಿಯ ತುದಿಗೆ ಟ್ರ್ಯಾಕ್ಟರ್ ಕಳಿಸಿದ. ಹೆಂಗಸರೆಲ್ಲ ಬುಟ್ಟಿ ಹಿಡಿದು ಹತ್ತಿದರು. ಅವ್ವ ಬುಟ್ಟಿಯ ಜೊತೆ ಒಂದು ಗಂಟನ್ನೂ ಕಂಕುಳಲ್ಲಿ ಇಟ್ಟುಕೊಂಡಿದ್ದಳು. ಬುತ್ತಿ ಇರಬೇಕೆಂದು ಸೋಮವ್ವ ಅಂದುಕೊಂಡಳು.

ಮಧ್ಯಾಹ್ನದವರೆಗೆ ಎಲ್ಲರ ಜೊತೆ ಬಿಡಿಸಿದಳಂತೆ. ಕಡೆಯ ಸಾಲಿಗೆ ಬಂದಾಗ ತುಂಬಿದ ಬುಟ್ಟಿಯನ್ನು ಬದುವಿನ ಮೇಲೆ ಇಳಿಸಿ, ಗಂಟು ಎತ್ತಿಕೊಂಡು, ಬದು ದಾಟಿ ನಡೆದುಬಿಟ್ಟಳು. ಬಯಲಿಗೆ ಹೋದಳೆಂದು ಉಳಿದವರು ತಿಳಿದರು. ಸಂಜೆಯಾದರೂ ಬರಲಿಲ್ಲ. ಸೋಮವ್ವ ಹೋಗಿ ನೋಡಿದರೆ ಅವಳು ತನ್ನ ಅತ್ತೆಯ ಗೋರಿಯ ಪಕ್ಕ, ಬನ್ನಿ ಮರದ ಕೆಳಗೆ ಕೌದಿ ಹಾಸಿಕೊಂಡು ಮೂರು ಕಲ್ಲು ಹೂಡಿ ಒಲೆ ಹಚ್ಚುತ್ತಿದ್ದಳು.

"ಅತ್ತೀ, ಏನ್ ಮಾಡಾಕತ್ತೀರಿ? ಏಳ್ರಿ, ಟ್ರ್ಯಾಕ್ಟರ್ ಹೊಂಟೈತಿ."

"ನೀ ಹೋಗವಾ. ನಾ ಮುಟ್ಟೂ ಜಾಗಾ ಮುಟ್ಟೀನಿ."

ಗೌಡ ಬಂದ. ಟಾರ್ಚು ಬಿಟ್ಟು ನೋಡಿ, "ಏ ಮುದುಕಿ, ತಲಿ ತಿರುಗೈತೇನು? ಎದ್ದು ಬಾ ಈಚೆ," ಎಂದ.

"ಯಾಕ್ರೀ ಗೌಡ್ರ? ಹೆಣ ಹಾಯಿಸಬ್ಯಾಡ್ರಿ ಅಂದಿದ್ರಿ, ಹಾಯಿಸಿಲ್ಲ. ಜೀವ ಇದ್ದಾಗ ಬರ್ರಿ ಅಂದ್ರಿ, ಬಂದೀನಿ. ದಿನದ ಕೂಲಿ ದುಡದ ಬಂದೀನಿ. ನಿಮ್ಮ ಗಿಡಕ್ಕ ಏನ್ ಮೈಲಿಗಿ ಆತು? ಇಲ್ಲೇ ಇರ್ತೀನಿ. ಯಾವಾಗ ಬರತೈತೋ ಆವಾಗ ಇಲ್ಲೇ ಸಾಯ್ತೀನಿ. ನಿಮಗೂ ತ್ರಾಸಿಲ್ಲ, ಕೋರ್ಟಿಗೂ ತ್ರಾಸಿಲ್ಲ."

ಮರುದಿನದಿಂದ ಗೌಡ ನಮ್ಮ ಕೇರಿಯ ಒಬ್ಬರನ್ನೂ ಹೊಲಕ್ಕೆ ಬಿಡಲಿಲ್ಲ. ಬೇರೆ ಊರಿನಿಂದ ಹೆಂಗಸರನ್ನು ತರಿಸಿದ. ಬದುವಿನ ಗುಂಟ ಮುಳ್ಳುತಂತಿ ಎಳೆಸಿದ. ನಾನು ಗೌಡನ ಹೊಲ ಶುರುವಾಗುವ ಮೊದಲೇ ಹಳ್ಳದ ಗುಂಡಿಗೆ ಇಳಿದು, ರೊಟ್ಟಿಯ ಗಂಟನ್ನು ತಲೆಗೆ ಕಟ್ಟಿಕೊಂಡು, ಎದೆಮಟ್ಟದ ನೀರಿನಲ್ಲಿ ದಾಟಿ, ಜಾಲಿಯ ಬೇರು ಹಿಡಿದು ಹತ್ತುತ್ತಿದ್ದೆ. ಮೊದಮೊದಲು ಬೈಯುತ್ತಿದ್ದೆ. "ಏನ್ ಹುಚ್ಚವ್ವ ನಿಂದು? ಕೇರಿಗೆ ಕೇರೀನ ಉಪಾಸ ಬಿತ್ತು ನಿನ್ನ ಸಲುವಾಗಿ." ಅವಳು ರೊಟ್ಟಿ ಮುರಿಯುತ್ತ, "ಖಾರ ತಂದಿಯೇನು?" ಎನ್ನುತ್ತಿದ್ದಳು.

ಕೇರಿಯವರೂ ಬೈದರು. ಕೆಲವರು ಗೌಡನ ಮನೆಗೆ ಹೋಗಿ ಕೈಮುಗಿದು ಬಂದರು. ಆದರೆ ಎರಡು ವಾರ ಕಳೆದ ಮೇಲೆ ನಾನು ಹಳ್ಳಕ್ಕೆ ಇಳಿಯುವಾಗ ಪಕ್ಕದ ಮನೆಯ ಕುರುಡಜ್ಜ ಹುಚ್ಚೀರಪ್ಪ ದಂಡೆಯ ಮೇಲೆ ಕಂಬಳಿ ಹೊದ್ದು ನಿಂತಿದ್ದ. "ನನ್ನೂ ದಾಟಸಪಾ," ಎಂದ. ಅವನು ನನ್ನ ಕೊರಳನ್ನು ಬಿಗಿಯಾಗಿ ತಬ್ಬಿಕೊಂಡ, ಬೆನ್ನ ಮೇಲೆ ಹೊತ್ತು ದಾಟಿಸಿದೆ. ಬನ್ನಿ ಮರದ ಕೆಳಗೆ ಎರಡನೇ ಒಲೆ ಹೊತ್ತಿತು.

ಆಗ ತಹಶೀಲ್ದಾರರು ಬಂದರು. ಗೌಡ ತಂತಿ ಸರಿಸಿ, ಅವರ ಬೂಟಿಗೆ ಕೆಸರಾಗದಂತೆ ಗೋಣಿಚೀಲ ಹಾಸಿ, ಹೊಲದ ನಡುವೆಯೇ ಕರೆತಂದ. ತಲಾಟಿ ನೋಟೀಸು ಓದಿದ. ರುದ್ರಭೂಮಿ ಇರುವುದು ಸತ್ತವರಿಗೆ. ಜೀವಂತ ಇರುವವರು ಅಲ್ಲಿ ವಾಸ ಮಾಡುವುದು ಒತ್ತುವರಿ. ಕೂಡಲೇ ತೆರವು ಮಾಡತಕ್ಕದ್ದು.

ಅವ್ವ ಕೆಮ್ಮುತ್ತ ಕೇಳಿಸಿಕೊಂಡಳು. ಚಳಿಗೆ ಎದೆ ಕಟ್ಟಿತ್ತು. ಮಾತಿಗೊಮ್ಮೆ ಉಸಿರು ಎಳೆಯುತ್ತಿದ್ದಳು.

"ಬಿಡಂಗಿಲ್ಲ ಅಂದ್ರ?"

"ಕೇಸ್ ಹಾಕಿ ಎಬ್ಬಸ್ತೀವಿ," ಎಂದರು ಸಾಹೇಬರು.

"ಹಾಕ್ರಿ ಯಪ್ಪಾ, ಲಗೂನ ಹಾಕ್ರಿ. ಅದು ನಂಬರಿಗೆ ಬರೂದ್ರಾಗ ನಾ ಸತ್ತಿರ್ತೀನಿ. ಆವಾಗ ನಿಮ್ಮ ಕೇಸೂ ಗೊಡ್ಡ ಬೀಳತೈತಿ."

ತಲಾಟಿಗೆ ನಗು ಬಂತು, ಸಾಹೇಬರ ಮುಖ ನೋಡಿ ನುಂಗಿಕೊಂಡ. ನೋಟೀಸನ್ನು ಬನ್ನಿ ಮರಕ್ಕೆ ಅಂಟಿಸಿ, ಬಂದ ದಾರಿಯಲ್ಲೇ ಗೋಣಿಚೀಲ ತುಳಿಯುತ್ತ ಹೋದರು.

ಮರುದಿನ ಅವ್ವನ ಕೆಮ್ಮಿನಲ್ಲಿ ರಕ್ತ ಕಂಡಿತು. ಪಟ್ಟಣದ ಆಸ್ಪತ್ರೆಗೆ ಹೋಗೋಣ, ಹೊತ್ತುಕೊಂಡು ದಾಟಿಸುತ್ತೇನೆ ಎಂದೆ. "ಅಲ್ಲೆ ಸತ್ರ ವಾಪಸ್ ಹ್ಯಾಂಗ ತರ್ತೀ?" ಎಂದಳು. ನಾನು ಅವಳ ಬಾಯಿ ಒರೆಸಿದೆ.

"ಸಲಿಕಿ ತಗೊಂಬಾ. ನನ್ನ ಕಣ್ಣ ಮುಂದ ಕುಣಿ ತೋಡು. ಜೆಸಿಬಿ ಬ್ಯಾಡ ನನಗ."

ಅಳುತ್ತಲೇ ತೋಡಿದೆ. ಮೇಲಿನ ಮಣ್ಣು ಗಟ್ಟಿ, ಕೆಳಗೆ ತಂಪು. ಅವ್ವ ಕುಣಿಯ ಅಂಚಿನಲ್ಲಿ ಕಾಲು ಇಳಿಬಿಟ್ಟು ಕುಳಿತು ಹೇಳಿಕೊಡುತ್ತಿದ್ದಳು. ಬೇರು ಬಂತು, ಕಡಿ. ಆ ಮೂಲಿ ನೆಟ್ಟಗ ಮಾಡು. ಸೊಂಟದಷ್ಟು ಆಳವಾದಾಗ ಸಾಕು ಎಂದು ನಿಂತೆ.

"ಇನ್ನಾ ಅಗಲ ಮಾಡು," ಎಂದಳು. "ನಿಮ್ಮಪ್ಪ ಅಲ್ಲಿ ಕಸದಾಗ ಒಬ್ಬನ ಮಕ್ಕೊಂಡಾನ. ತರಬೇಕು ಅವನ್ನೂ."

ಅಷ್ಟರಲ್ಲಿ ಬಾಪುಗೌಡ ತಂತಿಯ ಆಚೆ ಬದುವಿನ ಮೇಲೆ ಬಂದು ನಿಂತಿದ್ದ. ಕಾಯಿ ಬಿಡಿಸುತ್ತಿದ್ದ ಪರವೂರಿನ ಹೆಂಗಸರೂ ಬೆನ್ನು ಎತ್ತಿ ನೋಡುತ್ತಿದ್ದರು.

"ಏ ಮುದುಕಿ! ಒಬ್ಬಾಕಿಗೆ ಅಷ್ಟ ಅಗಲ ಯಾತಕ್ಕ ಬೇಕ ಬೇ ಕುಣಿ?"

"ಒಬ್ಬಾಕಿಗಲ್ಲ. ನನ್ನ ಗಂಡಗೂ."

"ಅವನ್ನ ಯಾ ದಾರೀಲೆ ತರ್ತೀ?"

ಅವ್ವ ಕೈ ಎತ್ತಿ, ಅವನು ನಿಂತಿದ್ದ ಬದುವನ್ನೇ ತೋರಿಸಿದಳು. ಎತ್ತಿದ ಕೈ ಇಳಿಸಲಿಲ್ಲ. ನಾನು ಕುಣಿಯೊಳಗೆ ಬಗ್ಗಿ ಅಗಲ ಮಾಡುತ್ತಲೇ ಇದ್ದೆ.